ನಿಮ್ಮ ತರಗತಿಯ ಪ್ರಶ್ನೆ ನಿಮ್ಮದೇ ಆಗಿರಲಿ

ಮಂಡ್ಯ, ಮದ್ದೂರು, ಮಳವಳ್ಳಿ ತಾಲ್ಲೂಕುಗಳ ಸರ್ಕಾರಿ ಶಾಲೆಗಳ ಶಿಕ್ಷಕ ಶಿಕ್ಷಕಿಯರಿಗೆ ಒಂದು ಬಹಿರಂಗ ಪತ್ರ



ಈ ತಿಂಗಳ ಸಮಾಲೋಚನಾ ಸಭೆಗೂ ನೀವು ಹೋಗುತ್ತೀರಿ. ಕೆರಗೋಡು, ಬಸರಾಳಿನ ಕಡೆಯವರು, ಬೆಸಗರಹಳ್ಳಿ, ಕೊಪ್ಪದ ಕಡೆಯವರು, ಹಲಗೂರು, ಪೂರಿಗಾಲಿಯ ಕಡೆಯವರು ನಿಮ್ಮ ನಿಮ್ಮ ಕ್ಲಸ್ಟರಿನಲ್ಲಿ ಸೇರುತ್ತೀರಿ. ಸುತ್ತೋಲೆ ಓದುತ್ತಾರೆ. ಎಸ್‌ಎಟಿಎಸ್‌ನಲ್ಲಿ ಯಾವ ಶಾಲೆಯ ಮಾಹಿತಿ ಬಾಕಿ ಎಂದು ಹೆಸರು ಹಿಡಿದು ಕೇಳುತ್ತಾರೆ. ಬಿಸಿಯೂಟದ ಲೆಕ್ಕ, ಮೊಟ್ಟೆಯ ಲೆಕ್ಕ, ಸಮವಸ್ತ್ರದ ಲೆಕ್ಕ ಆಗುತ್ತದೆ. ಸಹಿ ಹಾಕಿ ಬಸ್ಸು ಹಿಡಿಯುವ ಹೊತ್ತಿಗೆ, ನಾಳೆ ಬೆಳಿಗ್ಗೆ ಮಕ್ಕಳ ಮುಂದೆ ನಿಂತು ಮಾಡಬೇಕಾದ ಪಾಠದ ಬಗ್ಗೆ ಯಾರೂ ಒಂದು ಮಾತು ಆಡಿರುವುದಿಲ್ಲ. ಆ ಸಭೆಯಲ್ಲಿ ಅರ್ಧ ಗಂಟೆಯನ್ನು ನಿಮ್ಮ ಪಾಠಕ್ಕಾಗಿ ಉಳಿಸಿಕೊಳ್ಳಿ ಎಂದು ಕೇಳಲು ಈ ಪತ್ರ ಬರೆಯುತ್ತಿದ್ದೇನೆ. ತರಬೇತಿ ಕೊಠಡಿಗಳಲ್ಲಿ ಕೇಳುವವಳಾಗಿಯೂ ಹೇಳುವವಳಾಗಿಯೂ ಕೂತು ನಿವೃತ್ತಳಾದವಳು ನಾನು. ಆ ಅರ್ಧ ಗಂಟೆಯಲ್ಲಿ ಏನಾಗಬಹುದು ಎಂಬುದರ ಬಗ್ಗೆ ನನಗೆ ದೊಡ್ಡ ಆಸೆಯಿದೆ.

ತಾವು ಕಲಿಸುವ ರೀತಿಯನ್ನು ಶಿಕ್ಷಕರೇ ಸಂಶೋಧನೆಯ ವಸ್ತುವಾಗಿ ಎತ್ತಿಕೊಂಡು, ಪುರಾವೆ ಕೂಡಿಸಿ, ಇನ್ನೊಬ್ಬರ ಮುಂದಿಟ್ಟು, ಅದರಂತೆ ಕಲಿಸುವುದನ್ನು ಬದಲಿಸಿಕೊಳ್ಳುವ ಕೆಲಸಕ್ಕೆ ಸ್ವ-ಅಧ್ಯಯನ ಎನ್ನುತ್ತಾರೆ. ಹೊರಗಿನಿಂದ ಬಂದು ನಿಮ್ಮನ್ನು ಅಳೆಯುವವರಿಗೆ ಕೊರತೆಯೇನಿಲ್ಲ. ಸಮೀಕ್ಷೆಯವರು ಬರುತ್ತಾರೆ, ಮೌಲ್ಯಮಾಪನದವರು ಬರುತ್ತಾರೆ, ಪಿಎಚ್‌ಡಿಗೆ ಪ್ರಶ್ನಾವಳಿ ತುಂಬಿಸಿಕೊಳ್ಳುವವರು ಬರುತ್ತಾರೆ. ಅವರೆಲ್ಲರ ವರದಿಯಲ್ಲಿ ನೀವೊಂದು ಅಂಕಿ. ನಿಮ್ಮ ತರಗತಿಯಲ್ಲಿ ಹತ್ತು ಗಂಟೆಯಿಂದ ಸಂಜೆಯವರೆಗೆ ನಡೆಯುವುದನ್ನು ಕಂಡವರು ಅವರಲ್ಲಿ ಒಬ್ಬರೂ ಇಲ್ಲ.

ಡಿ.ಇಡಿಯಲ್ಲೋ ಬಿ.ಇಡಿಯಲ್ಲೋ ನಿಮ್ಮಲ್ಲಿ ಹೆಚ್ಚಿನವರು ಕ್ರಿಯಾ ಸಂಶೋಧನೆ ಮಾಡಿದ್ದೀರಿ. ಸ್ಪೈರಲ್ ಬೈಂಡಿಂಗ್, ಪ್ಲಾಸ್ಟಿಕ್ ಹೊದಿಕೆ, ಪೂರ್ವ ಪರೀಕ್ಷೆ, ಹದಿನೈದು ದಿನದ ಚಟುವಟಿಕೆ, ಸಾಫಲ್ಯ ಪರೀಕ್ಷೆ, ಕೊನೆಗೆ ಏರಿದ ಕಂಬಗಳ ಒಂದು ನಕ್ಷೆ. ‘ಐದನೇ ತರಗತಿಯ ಮಕ್ಕಳು ಭಾಗಾಕಾರದಲ್ಲಿ ಹಿಂದುಳಿಯಲು ಕಾರಣಗಳು ಮತ್ತು ಪರಿಹಾರೋಪಾಯಗಳು’ ಎಂಬ ಜಾತಿಯ ಶೀರ್ಷಿಕೆ. ಕಾರಣಗಳ ಪಟ್ಟಿಯಲ್ಲಿ ಪೋಷಕರ ಅನಕ್ಷರತೆ ಇರುತ್ತದೆ, ಗೈರುಹಾಜರಿ ಇರುತ್ತದೆ, ಮಕ್ಕಳ ನಿರಾಸಕ್ತಿ ಇರುತ್ತದೆ. ಭಾಗಾಕಾರವನ್ನು ಕಲಿಸಿದವರು ಮಾತ್ರ ಆ ಪುಟಗಳಲ್ಲಿ ಎಲ್ಲಿಯೂ ಕಾಣುವುದಿಲ್ಲ. ಸ್ವ-ಅಧ್ಯಯನ ಶುರುವಾಗುವುದು ಅಲ್ಲಿಂದಲೇ. ಭಾಗಾಕಾರ ಮಾಡಿಸುವಾಗ ನಾನು ಏನು ಹೇಳುತ್ತೇನೆ, ಎಲ್ಲಿ ಅವಸರ ಮಾಡುತ್ತೇನೆ, ತಪ್ಪು ಉತ್ತರ ಕೇಳಿದಾಗ ನನ್ನ ಮುಂದಿನ ಮಾತು ಯಾವುದು? ಈ ಪ್ರಶ್ನೆಗೆ ಪೋಷಕರ ಅನಕ್ಷರತೆ ಉತ್ತರವಾಗಲಾರದು.

ಎಲ್ಲಿಂದ ಹಿಡಿಯುವುದು ಎಂದರೆ, ನಮ್ಮ ಸೀಮೆಯ ಎಲ್ಲ ತರಗತಿಗಳಲ್ಲೂ ಕೇಳಿಸುವ ಒಂದು ಮಾತಿನಿಂದ ಹಿಡಿಯಬಹುದು. “ಅರ್ಥ ಆಯ್ತಾ?” ನಾವು ಕೇಳುತ್ತೇವೆ. “ಆಯ್ತು ಮಿಸ್” ಎಂದು ಇಡೀ ತರಗತಿ ಒಂದೇ ರಾಗದಲ್ಲಿ ಹೇಳುತ್ತದೆ. ನಾವು ಮುಂದಿನ ಪುಟಕ್ಕೆ ಹೋಗುತ್ತೇವೆ. ಒಂದು ದಿನ ನಿಮ್ಮ ಫೋನನ್ನು ಮೇಜಿನ ಮೇಲೆ ಧ್ವನಿಮುದ್ರಣಕ್ಕೆ ಇಟ್ಟು ಒಂದು ಅವಧಿಯ ಪಾಠ ಮಾಡಿ, ಮನೆಗೆ ಹೋಗಿ ಕೇಳಿ. ಆ ಮಾತನ್ನು ಎಷ್ಟು ಸಲ ಆಡಿದಿರಿ ಎಂದು ಗುರುತು ಹಾಕಿ. ಅದಾದ ಮೇಲೆ ಯಾವುದಾದರೂ ಒಂದು ಮಗು “ಇಲ್ಲ” ಅಂದಿತೇ? ಅನ್ನಲು ಜಾಗವಿತ್ತೇ? ಮಾರನೆಯ ದಿನ ಅದೇ ಜಾಗದಲ್ಲಿ “ಇದನ್ನು ನಿನ್ನ ಪಕ್ಕದವರಿಗೆ ಹೇಳಿಕೊಡು” ಎಂದು ಹೇಳಿ ನೋಡಿ, ಮತ್ತೆ ಮುದ್ರಿಸಿ. ಎರಡು ಮುದ್ರಣಗಳನ್ನು ಒಬ್ಬ ಸಹೋದ್ಯೋಗಿಗೆ ಕೇಳಿಸಿ. ಇಷ್ಟರಲ್ಲಿ ಒಂದು ಅಧ್ಯಯನ ಶುರುವಾಗಿರುತ್ತದೆ. ಇದಕ್ಕೆ ಯಾರ ಅನುದಾನವೂ ಬೇಕಾಗಿಲ್ಲ.

ಬಿ.ಇಡಿಯಲ್ಲಿ ಫ್ಲ್ಯಾಂಡರ್ಸ್‌ನ ಹತ್ತು ವರ್ಗಗಳನ್ನು ಬಾಯಿಪಾಠ ಮಾಡಿದ್ದು ನೆನಪಿದೆಯೇ? ಮೂರು ಮೂರು ಸೆಕೆಂಡಿಗೊಮ್ಮೆ ತರಗತಿಯಲ್ಲಿ ಯಾರು ಮಾತಾಡುತ್ತಿದ್ದಾರೆ, ಎಂಥ ಮಾತು ಎಂದು ಗುರುತಿಸುವ ವಿಧಾನ ಅದು. ತರಗತಿಯ ಹೊತ್ತಿನ ಮೂರನೇ ಎರಡು ಭಾಗ ಯಾರಾದರೂ ಮಾತಾಡುತ್ತಿರುತ್ತಾರೆ, ಆ ಮಾತಿನಲ್ಲೂ ಮೂರನೇ ಎರಡು ಭಾಗ ಶಿಕ್ಷಕರದ್ದು ಎಂದು ಫ್ಲ್ಯಾಂಡರ್ಸ್ ಕಂಡುಕೊಂಡಿದ್ದರು. ಹತ್ತು ಅಂಕದ ಪ್ರಶ್ನೆಗೆ ಉತ್ತರವಾಗಿ ಬರೆದು ಮರೆತ ಆ ವಿಧಾನ, ನಿಮ್ಮದೇ ಮುದ್ರಣವನ್ನು ಕೇಳುವಾಗ ಮೊದಲ ಸಲ ಉಪಯೋಗಕ್ಕೆ ಬರುತ್ತದೆ.

ಅಮೆರಿಕದ ವಿಜ್ಞಾನ ಶಿಕ್ಷಣತಜ್ಞೆ ಮೇರಿ ಬಡ್ ರೋ ಅವರು 1974ರಲ್ಲಿ ಪ್ರಕಟಿಸಿದ ಅಧ್ಯಯನವನ್ನೂ ಇಲ್ಲಿ ಹೇಳಲೇಬೇಕು. ಅವರು ಧ್ವನಿಮುದ್ರಿತ ಪಾಠಗಳನ್ನು ಕೇಳಿ ಕೇಳಿ ಅಳೆದದ್ದು ಮೌನವನ್ನು. ಪ್ರಶ್ನೆ ಕೇಳಿದ ಮೇಲೆ ಶಿಕ್ಷಕರು ಸರಾಸರಿ ಒಂದು ಸೆಕೆಂಡೂ ಕಾಯುತ್ತಿರಲಿಲ್ಲ. ಕಾಯುವುದನ್ನು ಮೂರು ಸೆಕೆಂಡಿಗೆ ಏರಿಸಿದಾಗ ಮಕ್ಕಳ ಉತ್ತರಗಳು ಉದ್ದವಾದವು, ಬಾಯಿ ಬಿಡದವರು ಬಾಯಿಬಿಟ್ಟರು, ಮಕ್ಕಳೇ ಪ್ರಶ್ನೆ ಕೇಳತೊಡಗಿದರು. ಇನ್ನೊಂದು ಸಂಗತಿ ನನ್ನನ್ನು ಬಹಳ ಕಾಡಿದೆ. ಜಾಣರೆಂದು ತಾವೇ ಗುರುತಿಸಿದ ಮಕ್ಕಳ ಉತ್ತರಕ್ಕಾಗಿ ಶಿಕ್ಷಕರು ಹೆಚ್ಚು ಹೊತ್ತು ಕಾಯುತ್ತಿದ್ದರು, ಹಿಂದುಳಿದವರೆಂದು ಅಂದುಕೊಂಡ ಮಕ್ಕಳಿಗೆ ಕಡಿಮೆ ಹೊತ್ತು. ಯೋಚಿಸಲು ಹೆಚ್ಚು ಸಮಯ ಬೇಕಾದವರಿಗೇ ಕಡಿಮೆ ಸಮಯ ಸಿಗುತ್ತಿತ್ತು. ಯಾರೂ ಬೇಕೆಂದು ಮಾಡಿದ್ದಲ್ಲ. ಅಳೆಯುವ ತನಕ ಯಾರಿಗೂ ಗೊತ್ತೂ ಇರಲಿಲ್ಲ.

ನಮ್ಮ ತರಗತಿಗಳಲ್ಲಿ ಹಾಗೆ ಕಡಿಮೆ ಸಮಯ ಸಿಗುವ ಮಕ್ಕಳು ಯಾರು? ತರಗತಿಯ ಆಸನಗಳ ನಕ್ಷೆಯೊಂದನ್ನು ಕಾಗದದ ಮೇಲೆ ಬರೆದುಕೊಳ್ಳಿ. ಒಂದು ವಾರ, ನೀವು ಹೆಸರು ಹಿಡಿದು ಪ್ರಶ್ನೆ ಕೇಳಿದ ಪ್ರತಿ ಮಗುವಿನ ಜಾಗದಲ್ಲಿ ಒಂದು ಗೀಟು ಹಾಕಿ. ನಿಮಗೆ ಆಗದಿದ್ದರೆ ಬಿಡುವಿರುವ ಇನ್ನೊಬ್ಬ ಶಿಕ್ಷಕರಿಗೆ ಹಾಕಲು ಹೇಳಿ. ವಾರದ ಕೊನೆಗೆ ಆ ನಕ್ಷೆಯನ್ನು ನೋಡುವುದು ಸುಲಭದ ಕೆಲಸವಲ್ಲ. ಗೀಟೇ ಬೀಳದ ಮಕ್ಕಳು ಯಾವ ಕೇರಿಯವರು, ಹೆಣ್ಣುಮಕ್ಕಳೆಷ್ಟು, ಕಬ್ಬು ಕಡಿಯಲು ಬಳ್ಳಾರಿ ಕಡೆಯಿಂದ ಬಂದು ಗದ್ದೆಯಂಚಿನ ಗುಡಿಸಲಿನಲ್ಲಿರುವವರ ಮಕ್ಕಳೆಷ್ಟು ಎಂದು ಆ ಕಾಗದ ಹೇಳುತ್ತದೆ. 2023ರ ಕೊನೆಯಲ್ಲಿ ನಮ್ಮ ಜಿಲ್ಲೆಯ ಆಲೆಮನೆಯೊಂದರಲ್ಲಿ ಭ್ರೂಣಲಿಂಗ ಪತ್ತೆ ನಡೆಯುತ್ತಿದ್ದದ್ದು ಬಯಲಾದಾಗ ಎಲ್ಲರೂ ತಲೆ ತಗ್ಗಿಸಿದೆವು. ಹುಟ್ಟಿ, ಬೆಳೆದು, ಚೀಲ ಹೊತ್ತು ನಮ್ಮ ತರಗತಿಗೆ ಬಂದ ಹುಡುಗಿಗೆ ಒಂದು ವಾರದಲ್ಲಿ ಒಂದು ಪ್ರಶ್ನೆಯಾದರೂ ಬಂತೇ ಎಂದು ಲೆಕ್ಕ ಹಾಕುವುದು ಇಂಥ ಜಿಲ್ಲೆಯಲ್ಲಿ ಚಿಕ್ಕ ಸಂಶೋಧನೆಯಲ್ಲ. ಆ ಲೆಕ್ಕವನ್ನು ಶಿಕ್ಷಕರ ಹೊರತು ಯಾರೂ ಹಾಕಲಾರರು.

ಭಾಷೆಯ ಪಾಠಕ್ಕೆ ಬಂದರೆ ನಮ್ಮ ಮೂರು ತಾಲ್ಲೂಕುಗಳಿಗೇ ಹೇಳಿ ಮಾಡಿಸಿದ ಪ್ರಶ್ನೆಯೊಂದಿದೆ. ಇಲ್ಲಿನ ಮಗು ಮನೆಯಲ್ಲಿ ಆಲು ಕುಡಿಯುತ್ತದೆ, ಊವು ಕೀಳುತ್ತದೆ. ಶಾಲೆಗೆ ಬಂದು ಹಕ್ಕಿಯನ್ನು ಅಕ್ಕಿ ಎಂದು ಬರೆಯುತ್ತದೆ. ನಾವು ಕೆಂಪು ಶಾಯಿಯಲ್ಲಿ ತಿದ್ದುತ್ತೇವೆ. ತಿದ್ದಿ ತಿದ್ದಿ, ಗದರಿ ಗದರಿ, ಅದೇ ಮಗು ಹೆದರಿಕೊಂಡು ಆಟವನ್ನು ಹಾಟ ಎಂದೂ ಬರೆಯತೊಡಗುತ್ತದೆ. ಎರಡನೆಯ ತಪ್ಪು ಮನೆಯಿಂದ ಬಂದದ್ದಲ್ಲ, ಅದು ನಮ್ಮ ತಿದ್ದುಪಡಿಯ ಫಲ. ಒಬ್ಬ ಶಿಕ್ಷಕಿ ಇದನ್ನೇ ಒಂದು ಅರ್ಧವರ್ಷದ ಅಧ್ಯಯನ ಮಾಡಿಕೊಳ್ಳಬಹುದು. ಎಂಟು ಹತ್ತು ಮಕ್ಕಳ ಬರಹದ ಪುಸ್ತಕಗಳಿಂದ ತಪ್ಪುಗಳನ್ನು ತೆಗೆದು ಬೇರೆ ಬೇರೆ ಮಾಡುವುದು. ಮಾತಿನಿಂದ ಬಂದದ್ದು ಯಾವುದು, ಅಕ್ಷರದ ಗೊಂದಲ ಯಾವುದು, ಭಯದಿಂದ ಬಂದದ್ದು ಯಾವುದು? ಪಕ್ಕದಲ್ಲಿ ತಾನು ತಿದ್ದಿದ್ದು ಹೇಗೆ ಎಂದೂ ಬರೆಯುವುದು. ಅರ್ಥ ಬದಲಾಗುವ ತಪ್ಪನ್ನೂ ಬದಲಾಗದ ತಪ್ಪನ್ನೂ ಒಂದೇ ಶಾಯಿಯಲ್ಲಿ ತಿದ್ದಿದೆನೇ? ತಿದ್ದುಪಡಿ ಹೆಚ್ಚಾದ ವಾರಗಳಲ್ಲಿ ಮಕ್ಕಳು ಬರೆದ ಕತೆಗಳ ಉದ್ದ ಕಡಿಮೆಯಾಯಿತೇ? ಆಮೇಲೆ ಒಂದು ತಿಂಗಳು ಮೊದಲ ಕರಡಿಗೆ ಶಾಯಿ ಮುಟ್ಟಿಸದೆ ಕತೆಯ ಬಗ್ಗೆ ಮಾತ್ರ ಮಾತಾಡಿ, ಕಾಗುಣಿತವನ್ನು ಬೇರೆ ದಿನಕ್ಕೆ ಇಟ್ಟು ನೋಡುವುದು. ಏನಾಯಿತು ಎಂಬುದನ್ನು ಒಳ್ಳೆಯದಾದರೂ ಕೆಟ್ಟದಾದರೂ ಇದ್ದಂತೆ ಬರೆಯುವುದು. ಕೆ.ಎಂ. ದೊಡ್ಡಿಯ ಸುತ್ತಲಿನ ಶಾಲೆಯ ಒಬ್ಬರು, ಬಿ.ಜಿ. ಪುರದ ಕಡೆಯ ಒಬ್ಬರು, ದುದ್ದದ ಒಬ್ಬರು ಇಂಥ ಟಿಪ್ಪಣಿ ಇಟ್ಟರೆ, ಮಂಡ್ಯದ ಮಕ್ಕಳಿಗೆ ಬರವಣಿಗೆ ಕಲಿಸುವುದರ ಬಗ್ಗೆ ಈವರೆಗೆ ಯಾವ ತರಬೇತಿ ಕೈಪಿಡಿಯಲ್ಲೂ ಇಲ್ಲದ ತಿಳಿವಳಿಕೆ ನಮ್ಮ ಕೈಗೆ ಬರುತ್ತದೆ. ಮಕ್ಕಳ ನುಡಿಯನ್ನು ಪ್ರೀತಿಸುವವಳಾಗಿ ಇದೊಂದು ಅಧ್ಯಯನವನ್ನಾದರೂ ಯಾರಾದರೂ ಕೈಗೆತ್ತಿಕೊಳ್ಳಲಿ ಎಂದು ನಾನು ಬೇಡಿಕೊಳ್ಳುತ್ತೇನೆ.

ಈ ವಿಧಾನಕ್ಕೆ ಲೋಕದಲ್ಲಿ ಒಂದು ಚರಿತ್ರೆಯಿದೆ. ಶಿಕ್ಷಕರೇ ಸಂಶೋಧಕರು ಎಂಬ ವಿಚಾರವನ್ನು ಇಂಗ್ಲೆಂಡಿನ ಲಾರೆನ್ಸ್ ಸ್ಟೆನ್‌ಹೌಸ್ 1975ರಲ್ಲೇ ಪುಸ್ತಕವಾಗಿ ಮುಂದಿಟ್ಟಿದ್ದರು. ಅಮೆರಿಕದ ಶೈಕ್ಷಣಿಕ ಸಂಶೋಧನಾ ಸಂಘದಲ್ಲಿ ಸ್ವ-ಅಧ್ಯಯನದವರು 1993ರಲ್ಲಿ ತಮ್ಮದೊಂದು ಗುಂಪು ಕಟ್ಟಿಕೊಂಡರು. 1996ರಿಂದ ಅವರ ಸಮ್ಮೇಳನಗಳು ಇಂಗ್ಲೆಂಡಿನ ಹರ್ಸ್ಟ್‌ಮೊನ್ಸೋ ಕೋಟೆಯಲ್ಲಿ ನಡೆಯತೊಡಗಿದವು. ಆ ಗುಂಪನ್ನು ಕಟ್ಟಿದವರು ಶಿಕ್ಷಕರಿಗೆ ಕಲಿಸುವವರು, ಅಂದರೆ ನಮ್ಮ ಡಯಟ್ ಉಪನ್ಯಾಸಕರಂಥವರು. ಹೊಸ ಶಿಕ್ಷಕರಿಗೆ ನಾವು ಬೋಧಿಸುವುದನ್ನು ನಾವೇ ಪಾಲಿಸುತ್ತಿದ್ದೇವೆಯೇ ಎಂಬುದು ಅವರ ಮೊದಲ ಪ್ರಶ್ನೆ. ಕೆನಡಾದ ಟಾಮ್ ರಸೆಲ್, ಭೌತಶಾಸ್ತ್ರ ಬೋಧನೆಯನ್ನು ವಿಶ್ವವಿದ್ಯಾಲಯದಲ್ಲಿ ಕಲಿಸುತ್ತಲೇ ಹೈಸ್ಕೂಲಿಗೆ ಹೋಗಿ ಭೌತಶಾಸ್ತ್ರದ ಒಂದು ತರಗತಿ ತೆಗೆದುಕೊಂಡರು. ಆಸ್ಟ್ರೇಲಿಯಾದ ಮೊನಾಶ್ ವಿಶ್ವವಿದ್ಯಾಲಯದ ಜೆಫ್ ನಾರ್ತ್‌ಫೀಲ್ಡ್ 1993ರಲ್ಲಿ ಏಳನೇ ತರಗತಿಗೆ ಪಾಠ ಮಾಡಲು ಮರಳಿದರು, ಪ್ರತಿದಿನದ ಟಿಪ್ಪಣಿ ಇಟ್ಟರು. ತಾವು ನಂಬಿದ ವಿಧಾನಗಳು ಹನ್ನೆರಡು ಹದಿಮೂರು ವರ್ಷದ ಮಕ್ಕಳ ಮುಂದೆ ಹೇಗೆ ತಡವರಿಸಿದವು ಎಂದು ಅದರಲ್ಲಿದೆ. ಆ ಟಿಪ್ಪಣಿಯನ್ನು ಅವರೂ ಸಹೋದ್ಯೋಗಿ ಜಾನ್ ಲಾಕ್ರನ್ ಅವರೂ ಕೂಡಿ 1996ರಲ್ಲಿ ಪುಸ್ತಕ ಮಾಡಿದರು. ಡಯಟ್‌ನ ಗೆಳೆಯರೇ, ಬಿ.ಆರ್.ಪಿ., ಸಿ.ಆರ್.ಪಿ.ಗಳೇ, ಈ ಪತ್ರದ ಈ ಸಾಲುಗಳು ನಿಮಗೆ. ನೀವು ಒಂದು ತಿಂಗಳು ಒಂದು ಸಾಮಾನ್ಯ ಶಾಲೆಯಲ್ಲಿ ಒಂದು ವಿಷಯದ ಪಾಠವನ್ನು ಪೂರ್ತಿ ನೀವೇ ಮಾಡಿ, ಅದರ ಟಿಪ್ಪಣಿಯನ್ನು ಸಭೆಯಲ್ಲಿ ಓದಿದರೆ, ಆ ಸಭೆಯ ಗಾಳಿಯೇ ಬೇರೆಯಾಗುತ್ತದೆ.

ನಮಗೆ ಇನ್ನೂ ಹತ್ತಿರವಾದ ಉದಾಹರಣೆ ಮೆಲ್ಬರ್ನ್ ಹೊರವಲಯದ ಲಾವರ್ಟನ್ ಹೈಸ್ಕೂಲಿನದು. ದುಡಿಯುವ ಜನರ ಬಡಾವಣೆಯ ಆ ಶಾಲೆಯಲ್ಲಿ 1985ರಲ್ಲಿ ಕೆಲವು ಶಿಕ್ಷಕರು ಕೂಡಿ, ಮಕ್ಕಳು ಯಾಕೆ ಹೇಳಿದ್ದನ್ನು ಬರೆದುಕೊಂಡು ಸುಮ್ಮನಾಗುತ್ತಾರೆ, ಯಾಕೆ ಪ್ರಶ್ನಿಸುವುದಿಲ್ಲ ಎಂದು ವಾರವಾರವೂ ಕೂತು ಮಾತಾಡತೊಡಗಿದರು. ಸರ್ಕಾರದ ಯೋಜನೆಯಾಗಿರಲಿಲ್ಲ, ಯಾರೂ ಕಡ್ಡಾಯ ಮಾಡಿರಲಿಲ್ಲ. ತರಗತಿಯಲ್ಲಿ ಮಾಡಿ ನೋಡಿದ್ದನ್ನು ಬರೆದು ಹಂಚಿಕೊಂಡರು. ವರ್ಷಗಳ ಮೇಲೆ ಅದು ಪೀಲ್ ಎಂಬ ಹೆಸರಿನಲ್ಲಿ ಬೇರೆ ಶಾಲೆಗಳಿಗೂ ಬೇರೆ ದೇಶಗಳಿಗೂ ಹಬ್ಬಿತು. ಕ್ಲಸ್ಟರ್ ಎಂಬ ವ್ಯವಸ್ಥೆ ಅವರಿಗಿರಲಿಲ್ಲ, ನಮಗೆ ಈಗಾಗಲೇ ಇದೆ.

ನಮ್ಮದೇ ನೆಲದಲ್ಲಿ ಇಂಥದ್ದು ನಡೆದಿಲ್ಲವೇ? ನಡೆದಿದೆ, ನಿಮ್ಮಲ್ಲಿ ಹಲವರ ಕೈಗೆ ಅದರ ಫಲ ದಿನವೂ ತಾಗುತ್ತದೆ. 1995ರಲ್ಲಿ ಎಚ್.ಡಿ. ಕೋಟೆ ತಾಲ್ಲೂಕಿನ ಸರ್ಕಾರಿ ಶಾಲೆಗಳ ಶಿಕ್ಷಕರು ಆಂಧ್ರದ ಋಷಿ ವ್ಯಾಲಿಯ ಸುತ್ತಲಿನ ಪುಟ್ಟ ಹಳ್ಳಿಶಾಲೆಗಳನ್ನು ನೋಡಿ ಬಂದರು. ಯುನಿಸೆಫ್ ನೆರವಿತ್ತು. ಒಬ್ಬರೇ ಶಿಕ್ಷಕರು, ಬೇರೆ ಬೇರೆ ವಯಸ್ಸಿನ ಮಕ್ಕಳು, ಒಂದೇ ಕೊಠಡಿ. ಇದರಲ್ಲಿ ನಾನು ಎಲ್ಲರಿಗೂ ಒಂದೇ ಪಾಠವನ್ನು ಒಂದೇ ವೇಗದಲ್ಲಿ ಯಾಕೆ ಮಾಡುತ್ತಿದ್ದೇನೆ ಎಂದು ಅವರು ಕೇಳಿಕೊಂಡರು. ಕಾರ್ಡುಗಳನ್ನು ಕೂತು ತಾವೇ ಬರೆದರು, ತರಗತಿಯಲ್ಲಿ ಬಳಸಿದರು, ಸರಿಹೋಗದ್ದನ್ನು ಬದಲಿಸಿದರು. ಕಲಿಕಾ ಏಣಿ, ಮೈಲಿಗಲ್ಲು, ಶಿಕ್ಷಕರ ನೆರವಿನ ತಟ್ಟೆಯಿಂದ ಸ್ವಕಲಿಕೆಯ ತಟ್ಟೆಯವರೆಗಿನ ಐದು ಗುಂಪುಗಳು, ಎಲ್ಲವೂ ಹೀಗೆ ನಮ್ಮ ತರಗತಿಗಳಿಗೆ ಬಂದವು. ನಲಿ-ಕಲಿ ಅಂದರೆ ಮೊದಲಿಗೆ ಶಿಕ್ಷಕರ ಪ್ರಶ್ನೆ. 2009-10ರಲ್ಲಿ ಅದು ರಾಜ್ಯದ ಕನ್ನಡ ಮಾಧ್ಯಮ ಸರ್ಕಾರಿ ಶಾಲೆಗಳ ಒಂದು, ಎರಡನೇ ತರಗತಿಗಳಿಗೆಲ್ಲ ಬಂತು. ಕಾರ್ಡುಗಳು ಅಚ್ಚಾಗಿ ಬಂದವು. ಲಕ್ಷಾಂತರ ಮಕ್ಕಳಿಗೆ ಅದರಿಂದ ಒಳಿತಾಗಿದೆ, ಅದರಲ್ಲಿ ನನಗೆ ಸಂಶಯವಿಲ್ಲ. ಆದರೆ ಕಾರ್ಡು ಬಂದಷ್ಟು ಸುಲಭವಾಗಿ ಪ್ರಶ್ನೆ ಬರಲಿಲ್ಲ. ಎಚ್.ಡಿ. ಕೋಟೆಯ ಶಿಕ್ಷಕರು ತಮ್ಮ ತರಗತಿಯನ್ನು ನೋಡಿ ಕಾರ್ಡು ಬದಲಿಸಬಹುದಿತ್ತು. ನಮ್ಮವರಿಗೆ ಬದಲಿಸಬಾರದು ಎಂಬ ಭಾವನೆ ಬಂದುಬಿಟ್ಟಿತು. ನಲಿ-ಕಲಿ ತರಗತಿ ನಡೆಸುತ್ತಿರುವವರು ಈಗಲೂ ಕೇಳಿಕೊಳ್ಳಬಹುದು: ನನ್ನ ಯಾವ ಮಕ್ಕಳು ತಿಂಗಳುಗಟ್ಟಲೆ ಮೊದಲ ತಟ್ಟೆಯಲ್ಲೇ ಕೂತಿದ್ದಾರೆ, ಸ್ವಕಲಿಕೆಯ ತಟ್ಟೆಯ ಹತ್ತಿರ ನಾನು ದಿನಕ್ಕೆ ಎಷ್ಟು ಸಲ ಹೋಗುತ್ತೇನೆ?

ಸಂಶೋಧನೆ ಅಂದರೆ ವಿಶ್ವವಿದ್ಯಾಲಯದವರ ಕೆಲಸ, ನಮ್ಮದಲ್ಲ ಎಂದು ಹಿಂಜರಿಯುವವರಿಗೆ ನಮ್ಮ ಹೊಲಗದ್ದೆಗಳ ಮಾತು ಹೇಳುತ್ತೇನೆ. ಆಫ್ರಿಕದ ರಾಗಿಯನ್ನೂ ನಮ್ಮ ರಾಗಿಯನ್ನೂ ಕೂಡಿಸಿ ಇಂಡಾಫ್ ತಳಿಗಳನ್ನು ಕೊಟ್ಟ ರಾಗಿ ಲಕ್ಷ್ಮಣಯ್ಯ ದುಡಿದದ್ದು ಮಂಡ್ಯದ ವಿ.ಸಿ. ಫಾರಂನಲ್ಲಿ, ತೆನೆ ತೆನೆಯ ಮುಂದೆ ಕೂತು. ಮಳವಳ್ಳಿ ತಾಲ್ಲೂಕಿನ ಕಿರುಗಾವಲಿನ ರೈತ ಸೈಯದ್ ಗನಿ ಖಾನ್ ನೂರಾರು ಭತ್ತದ ತಳಿಗಳನ್ನು ತಮ್ಮ ಗದ್ದೆಯಲ್ಲಿ ಬೆಳೆದು, ಒಂದೊಂದರ ಗುಣವನ್ನೂ ಗುರುತಿಟ್ಟು ಉಳಿಸಿದ್ದಾರೆ. ಗದ್ದೆಗೆ ಇಳಿದವರು ಗದ್ದೆಯನ್ನು ಅಧ್ಯಯನ ಮಾಡಬಹುದಾದರೆ ತರಗತಿಗೆ ಇಳಿದವರು ತರಗತಿಯನ್ನು ಯಾಕೆ ಮಾಡಬಾರದು?

ಹಾಗೆಂದು ತನ್ನ ಬಗ್ಗೆ ತಾನು ಬರೆದದ್ದೆಲ್ಲ ಅಧ್ಯಯನವಾಗುವುದಿಲ್ಲ. ‘ಪಾಠ ಚೆನ್ನಾಗಿ ಆಯಿತು, ಮಕ್ಕಳು ಸಂತೋಷಪಟ್ಟರು’ ಎಂದು ದಿನಚರಿಯಲ್ಲಿ ಬರೆದರೆ ಅದು ಯಾರಿಗೂ ಏನನ್ನೂ ತಿಳಿಸುವುದಿಲ್ಲ. ಮಗು ಹೇಳಿದ ಮಾತು ಹೇಳಿದಂತೆಯೇ ಬೇಕು, ಮಗುವಿನ ಪುಸ್ತಕದ ಪುಟ ಬೇಕು, ಧ್ವನಿಮುದ್ರಣ ಬೇಕು. ಒಂದೇ ಬಗೆಯ ಪುರಾವೆ ಸಾಲದು, ಎರಡು ಮೂರು ಬಗೆಯವು ಒಂದೇ ಕಡೆ ಬೊಟ್ಟು ಮಾಡುತ್ತವೆಯೇ ಎಂದು ನೋಡಬೇಕು. ಎಲ್ಲಕ್ಕಿಂತ ಹೆಚ್ಚಾಗಿ ಒಬ್ಬ ನಿಷ್ಠುರ ಸ್ನೇಹಿತರು ಬೇಕು. ನಾರ್ತ್‌ಫೀಲ್ಡ್ ಅವರ ಟಿಪ್ಪಣಿ ಅಧ್ಯಯನವಾದದ್ದೂ ಇನ್ನೊಬ್ಬರು ಜೊತೆಗೆ ಕೂತು ಓದಿದ್ದರಿಂದ. ನಮ್ಮ ಅಭ್ಯಾಸಗಳು ನಮಗೆ ಸಹಜವೆಂದೇ ತೋರುತ್ತವೆ, ಪಕ್ಕದ ಶಾಲೆಯವರು “ನೀವು ಯಾಕೆ ಆ ಹುಡುಗನ ಉತ್ತರವನ್ನು ಅರ್ಧಕ್ಕೇ ನಿಲ್ಲಿಸಿದಿರಿ?” ಎಂದು ಕೇಳಿದಾಗಲೇ ಅವು ಕಾಣುವುದು. ಈ ಸ್ನೇಹಿತರು ನಿಮ್ಮ ಮುಖ್ಯ ಶಿಕ್ಷಕರಾಗದಿದ್ದರೆ ಒಳ್ಳೆಯದು. ಒಂದೇ ಬಸ್ಸಿನಲ್ಲಿ ಮಂಡ್ಯದಿಂದ ಮಳವಳ್ಳಿಗೆ ಹೋಗಿ ಬರುವ ಇಬ್ಬರು ಗೆಳತಿಯರಿಗೆ ದಾರಿಯಲ್ಲಿ ಇದಕ್ಕೆ ಬೇಕಾದಷ್ಟು ಹೊತ್ತು ಸಿಗುತ್ತದೆ.

ಮಕ್ಕಳ ವಿಷಯದಲ್ಲಿ ಎಚ್ಚರ ಇರಲಿ. ಯಾಕೆ ಮುದ್ರಿಸುತ್ತಿದ್ದೇನೆ ಎಂದು ಅವರಿಗೆ ಹೇಳಿ, ಪೋಷಕರಿಗೂ ತಿಳಿಸಿ. ವಿಡಿಯೋ ಬೇಡ, ಧ್ವನಿ ಸಾಕು. ಕೇಳಿ ಟಿಪ್ಪಣಿ ಮಾಡಿಕೊಂಡ ಮೇಲೆ ಅಳಿಸಿಬಿಡಿ. ಯಾವ ಮಗುವಿನ ತಪ್ಪೂ ವಾಟ್ಸಾಪ್ ಗುಂಪಿಗಾಗಲೀ ಸ್ಟೇಟಸ್ಸಿಗಾಗಲೀ ಹೋಗಕೂಡದು.

ಸಮಯವೆಲ್ಲಿದೆ ಎಂದು ನೀವು ಕೇಳುತ್ತೀರಿ. ಕೇಳುವುದು ನ್ಯಾಯವೇ. 2025ರ ಸೆಪ್ಟೆಂಬರ್ 22ರಂದು ಶುರುವಾದ ರಾಜ್ಯದ ಸಾಮಾಜಿಕ, ಶೈಕ್ಷಣಿಕ ಸಮೀಕ್ಷೆಗೆ ದಸರಾ ರಜೆಯೂ ಹೋಯಿತು. ಬಿ.ಎಲ್.ಒ. ಕೆಲಸ, ದಾಖಲಾತಿ, ಅಡುಗೆಯ ಮೇಲ್ವಿಚಾರಣೆ ಎಲ್ಲವನ್ನೂ ನಿಮ್ಮ ಹೆಗಲಿಗೇ ಹಾಕಿದ್ದಾರೆ, ಅದನ್ನು ಇಳಿಸಿ ಎಂದು ಹೋರಾಡುವುದನ್ನು ನೀವು ಬಿಡಬಾರದು. ನಾನು ಹೇಳುತ್ತಿರುವ ಕೆಲಸ ಮಾತ್ರ ಆ ಪಟ್ಟಿಗೆ ಸೇರುವ ಇನ್ನೊಂದು ಹೊರೆಯಲ್ಲ. ಆ ಪಟ್ಟಿಯಲ್ಲಿರುವ ಬೇರೆಲ್ಲವೂ ಇನ್ನೊಬ್ಬರಿಗೆ ಒಪ್ಪಿಸಬೇಕಾದ್ದು. ಇದು ನಿಮ್ಮ ಬಳಿಯೇ ಉಳಿಯುವಂಥದ್ದು. ಒಂದು ವರ್ಷಕ್ಕೆ ಒಂದೇ ಪ್ರಶ್ನೆ, ವಾರಕ್ಕೆ ಒಂದು ಪುಟ ಸಾಕು.

ಅದಕ್ಕೇ ಕ್ಷೇತ್ರ ಶಿಕ್ಷಣಾಧಿಕಾರಿಗಳಲ್ಲಿ ನನ್ನದೊಂದು ಕಳಕಳಿಯ ವಿನಂತಿ. ಇದಕ್ಕೆ ನಮೂನೆ ತಯಾರಿಸಬೇಡಿ. ಎಷ್ಟು ಶಿಕ್ಷಕರು ಸ್ವ-ಅಧ್ಯಯನ ಕೈಗೊಂಡಿದ್ದಾರೆ ಎಂದು ತಾಲ್ಲೂಕುವಾರು ಅಂಕಿಅಂಶ ಕೇಳಬೇಡಿ. ಶಾಲಾ ಭೇಟಿಗೆ ಬಂದಾಗ ಆ ಪುಸ್ತಕವನ್ನು ತೋರಿಸಿ ಎನ್ನಬೇಡಿ. ತಪಾಸಣೆಗೆ ಸಿಗುವ ಪುಸ್ತಕದಲ್ಲಿ ಯಾವ ಶಿಕ್ಷಕರೂ ತಮಗೆ ಗೊತ್ತಿಲ್ಲದ್ದನ್ನು ಬರೆಯುವುದಿಲ್ಲ, ಬರೆಯದಿದ್ದರೆ ಅಧ್ಯಯನವೇ ಇಲ್ಲ. ನೀವು ಕೊಡಬಹುದಾದದ್ದು ಅರ್ಧ ಗಂಟೆ, ಮತ್ತು ಆ ಅರ್ಧ ಗಂಟೆಯಲ್ಲಿ ಸುತ್ತೋಲೆ ಓದದಿರುವ ಔದಾರ್ಯ.

ಮುಂದಿನ ಸಭೆಗೆ ಹೋಗುವಾಗ ಪ್ರತಿ ಕ್ಲಸ್ಟರಿನಲ್ಲಿ ಇಬ್ಬರೋ ಮೂವರೋ ಒಂದು ಆಸನ ನಕ್ಷೆಯನ್ನೋ ಐದು ನಿಮಿಷದ ಧ್ವನಿಮುದ್ರಣವನ್ನೋ ಒಂದು ಮಗುವಿನ ಬರಹದ ಎರಡು ಪುಟವನ್ನೋ ತನ್ನಿ. ಒಬ್ಬರು ಓದಲಿ, ಉಳಿದವರು ಪ್ರಶ್ನೆ ಮಾತ್ರ ಕೇಳಲಿ, ಸಲಹೆ ಕೊಡುವುದು ಆ ದಿನ ಬೇಡ. ಕೇಳಿದ ಪ್ರಶ್ನೆಗಳನ್ನು ಓದಿದವರು ಬರೆದುಕೊಂಡು ಹೋಗಿ, ಮರುತಿಂಗಳು ಅದೇ ಕಾಗದದ ಜೊತೆ ಹೊಸದೊಂದನ್ನು ತಂದು ಪಕ್ಕಪಕ್ಕದಲ್ಲಿ ಇಡಲಿ. ಎಲ್ಲಿಯಾದರೂ ಇದು ಶುರುವಾದರೆ, ಕೇಳುವವಳಾಗಿ ಹಿಂದಿನ ಬೆಂಚಿನಲ್ಲಿ ಕೂರಲು ನನ್ನನ್ನೂ ಕರೆಯಿರಿ.

ನಿಮ್ಮ ವಿಶ್ವಾಸದ,
ನಿಮ್ಮ ಜಿಲ್ಲೆಯ ಒಬ್ಬ ನಿವೃತ್ತ ಶಿಕ್ಷಕಿ